ಊರ ಕಾಳು, ಅಂದಪ್ಪನ ಹೆಸರು

ಅಂದಪ್ಪನಿಗೆ ಇಬ್ಬರಿಗೆ ಸಾಲುವಷ್ಟು ಅಡುಗೆ ಮಾಡಲು ಬರುತ್ತಿರಲಿಲ್ಲ. ಐನೂರು ಎಲೆಗೆ ಎಷ್ಟು ಗೋಧಿ ನೆನೆಸಬೇಕು, ಹುಗ್ಗಿಗೆ ಬೆಲ್ಲ ಬಿದ್ದ ಮೇಲೆ ಎಷ್ಟು ಹೊತ್ತು ಕೈಯಾಡಿಸಬೇಕು, ಮಳೆ ಬಂದು ಜನ ಕಡಿಮೆಯಾಗುವ ಲಕ್ಷಣ ಕಂಡರೆ ಯಾವ ಒಲೆಯ ಕಟ್ಟಿಗೆಯನ್ನು ಹಿಂದಕ್ಕೆ ಎಳೆಯಬೇಕು, ಇವೆಲ್ಲ ಅವನ ಕೈಗೆ ತಿಳಿದಿದ್ದವು. ಆದರೆ ಹೆಂಡತಿ ನೀಲಗಂಗವ್ವ ಮಗಳನ್ನು ನೋಡಲು ಶಿಗ್ಲಿಗೆ ಹೋದ ದಿನಗಳಲ್ಲಿ ಅವನು ಮನೆಯ ಒಲೆಯ ಮೇಲಿಟ್ಟ ಸಾರು ನಮ್ಮ ಮನೆಗೊಂದು ತಂಬಿಗೆ, ಎದುರು ಮನೆಗೊಂದು ತಂಬಿಗೆ ಹೋದ ಮೇಲೂ ಮಿಗುತ್ತಿತ್ತು. ಉಪ್ಪು ಎಂದೂ ಸರಿಯಿರುತ್ತಿರಲಿಲ್ಲ.

“ಸಣ್ಣ ಪಾತೇಲಿಯೊಳಗ ನನಗ ಕಣ್ಣ ಕಾಣೂದಿಲ್ರಿ ಅಕ್ಕಾರ,” ಎಂದು ಅವನು ನನಗೆ ಹೇಳುತ್ತಿದ್ದ. ನಾನು ಮುಂಡರಗಿಯ ಒಂದು ಪ್ರೌಢಶಾಲೆಯಲ್ಲಿ ಪಾಠ ಹೇಳುವವಳು. ನಮ್ಮೂರು ಹಮ್ಮಿಗಿಯ ಆಚೆಗೆ, ಹೊಳೆಯ ದಂಡೆಯಲ್ಲಿದೆ. ಅವನ ಮನೆಯ ಗೋಡೆಗೂ ನಮ್ಮ ಮನೆಯ ಗೋಡೆಗೂ ನಡುವೆ ಒಂದು ಇಕ್ಕಟ್ಟಾದ ಸಂದು ಮಾತ್ರ ಇರುವುದರಿಂದ, ಆ ಮನೆಯ ಮಾತುಗಳು ಕೇಳಬೇಕೆಂದರೂ ಬೇಡವೆಂದರೂ ನನಗೆ ಕೇಳಿಸುತ್ತವೆ.

ಅಂದಪ್ಪ ಊರಿನವನಲ್ಲ. ಅವನ ತಾಯಿ ಕೋಟುಮಚಗಿಯ ಕಡೆಯವಳು. ಗಂಡ ತೀರಿದ ಮೇಲೆ ಸಣ್ಣ ಮಗನನ್ನು ಕರೆದುಕೊಂಡು ಬಂದು ನಮ್ಮೂರ ಗುಡಿಯ ದಾಸೋಹದಲ್ಲಿ ಪಾತ್ರೆ ತೊಳೆಯಲು ನಿಂತಳು. ಮಗ ಮೊದಲು ನೀರು ಹೊತ್ತ, ಆಮೇಲೆ ಒಲೆ ಕಾಯ್ದ, ಮೀಸೆ ಮೂಡುವ ಹೊತ್ತಿಗೆ ಹುಗ್ಗಿ ತಿರುವುವ ಉದ್ದನೆಯ ಹುಟ್ಟು ಹಿಡಿದ. ಈಗ ಅವನಿಗೆ ಅರವತ್ತು ಸಮೀಪಿಸಿದೆ. ಮದುವೆಯ ಹಂಗಾಮಿನಲ್ಲಿ ಸುತ್ತಲಿನ ಊರುಗಳ ಅಡುಗೆ ಹಿಡಿಯುತ್ತಾನೆ. ಉಳಿದ ದಿನ ಯಾರ ಹೊಲಕ್ಕಾದರೂ ಕೂಲಿಗೆ ಹೋಗುತ್ತಾನೆ. ಶ್ರಾವಣ ಮಾಸದಲ್ಲಿ ಮಾತ್ರ ಎಲ್ಲಿಗೂ ಹೋಗುವುದಿಲ್ಲ. ಆ ತಿಂಗಳು ಸಂಜೆಸಂಜೆಗೆ ಗುಡಿಯಲ್ಲಿ ಪುರಾಣ, ಪುರಾಣದ ನಂತರ ದಾಸೋಹ. ಅದರ ಅಡುಗೆಗೆ ಅವನು ಕೂಲಿ ತೆಗೆದುಕೊಂಡದ್ದಿಲ್ಲ. ಕೊನೆಯ ಪಂಕ್ತಿ ಎದ್ದ ಮೇಲೆ ಮೂಲೆಯಲ್ಲಿ ಕುಳಿತು ಉಣ್ಣುತ್ತಿದ್ದ. ಉಳಿದಿರದಿದ್ದರೆ ನೀರು ಕುಡಿದು ಮನೆಗೆ ಬರುತ್ತಿದ್ದ.

ದಾಸೋಹಕ್ಕೆ ಬೇಕಾದ ಕಾಳು ಊರಿನದು. ಸುಗ್ಗಿ ಮುಗಿದ ಮೇಲೆ ಮನೆಮನೆಯಿಂದ ಜೋಳ, ಕಡಲೆ, ಗೋಧಿ ಬರುತ್ತದೆ. ಉಂಡು ಉಳಿದದ್ದನ್ನು ಗದಗಿನ ಮಾರುಕಟ್ಟೆಗೆ ಒಯ್ದು ಮಾರುತ್ತಾರೆ. ಹಿಂದೊಮ್ಮೆ ಈ ಹಣದ ಲೆಕ್ಕದ ಮೇಲೆ ಮೇಲಿನ ಓಣಿಗೂ ಕೆಳಗಿನ ಓಣಿಗೂ ಜಗಳವಾಗಿ, ಆ ವರ್ಷ ಎರಡು ಕಡೆ ಎರಡು ಪುರಾಣ ನಡೆದು, ಎರಡೂ ಧ್ವನಿವರ್ಧಕಗಳ ನಡುವೆ ಊರಿಗೆ ಒಂದೂ ಕೇಳಿಸದೆ ಹೋಯಿತು. ಮರುವರ್ಷ ಹಿರಿಯರು ರಾಜಿಗೆ ಕುಳಿತಾಗ, ಹಣ ಯಾವ ಓಣಿಗೂ ಸೇರದವನ ಹೆಸರಿನಲ್ಲಿ ಇರಲಿ ಎಂದು ತೀರ್ಮಾನವಾಯಿತು. ಅಂಥವನು ಊರಿನಲ್ಲಿ ಒಬ್ಬನೇ ಇದ್ದ.

“ಹೊಲಾ ಇಲ್ಲ, ಬೀಗರಿಲ್ಲ, ಭಾಗಾದಿಗೋಳಿಲ್ಲ. ನಾಳೆ ತಿಂದ್ರೂ ಎಲ್ಲಿ ಬಚ್ಚಿಡ್ತಾನ?” ಎಂದು ಕೆಳಗಿನ ಓಣಿಯ ಫಕ್ಕೀರಗೌಡರು ಹೇಳಿದರಂತೆ. ಅದನ್ನು ಹೊಗಳಿಕೆ ಎಂದೇ ಎಲ್ಲರೂ ತಿಳಿದರು. ಅಂದಪ್ಪನೂ ಹಾಗೆಯೇ ತಿಳಿದ. ಬ್ಯಾಂಕಿನಲ್ಲಿ ಅವನ ಹೆಸರಿಗೆ ಖಾತೆ ತೆರೆಯಿತು. ವರ್ಷಗಳು ಕಳೆದಂತೆ ಹಣ ಕೂಡಿ, ದಾಸೋಹದ ಮನೆ ಕಟ್ಟಿಸಬೇಕೆಂದು ಅದೇ ಹೆಸರಿನಲ್ಲಿ ಠೇವಣಿಯೂ ಆಯಿತು. ಆ ಹಣದಿಂದ ಒಂದು ಚಹಾ ಸಹ ಅವನು ಕುಡಿದವನಲ್ಲ.

ಕಳೆದ ವರ್ಷದ ಬೇಸಿಗೆಯಲ್ಲಿ ನೀಲಗಂಗವ್ವನಿಗೆ ಉಸಿರು ಸಾಲದಾಯಿತು. ರೊಟ್ಟಿ ಬಡಿಯುತ್ತ ನಡುವೆ ನಿಲ್ಲಿಸಿ ಗೋಡೆಗೆ ಒರಗುತ್ತಿದ್ದಳು. ಹೊಗೆಯಿಂದ ಎಂದಳು, ವಯಸ್ಸು ಎಂದಳು, ಕೊನೆಗೆ ಮಲಗಲಾರದೆ ಕುಳಿತೇ ನಿದ್ದೆ ಮಾಡುವ ಹಾಗಾದಾಗ ಮಗಳು ಶಿವರಂಜನಿ ಶಿಗ್ಲಿಯಿಂದ ಬಂದು ಹಟ ಹಿಡಿದಳು. ಗದಗಿನ ಸರ್ಕಾರಿ ಆಸ್ಪತ್ರೆಯಲ್ಲಿ ಎದೆಯ ಪರೀಕ್ಷೆ ಮಾಡಿ, ಹೃದಯದ ಒಂದು ಕವಾಟ ಕಿರಿದಾಗಿದೆಯೆಂದು ಹೇಳಿ, ಹುಬ್ಬಳ್ಳಿಯ ದೊಡ್ಡ ಆಸ್ಪತ್ರೆಗೆ ಚೀಟಿ ಬರೆದುಕೊಟ್ಟರು. ಶಾಲೆಗೆ ರಜೆಯಿದ್ದುದರಿಂದ ನಾನೂ ಜೊತೆಗೆ ಹೋದೆ.

ಹುಬ್ಬಳ್ಳಿಯ ವೈದ್ಯರು ಸಮಾಧಾನದಿಂದ ಮಾತಾಡಿದರು. ಎದೆ ಕೊಯ್ಯುವ ಅಗತ್ಯವಿಲ್ಲ, ತೊಡೆಯ ರಕ್ತನಾಳದಿಂದ ಸಣ್ಣ ಬಲೂನು ಕಳಿಸಿ ಕವಾಟವನ್ನು ಅಗಲಿಸಬಹುದು, ಎರಡು ಮೂರು ದಿನಗಳಲ್ಲಿ ಮನೆಗೆ ಹೋಗಬಹುದು ಎಂದರು. ಅಂದಪ್ಪ ಕೈಮುಗಿದ. ಸರ್ಕಾರದ ಆರೋಗ್ಯ ಯೋಜನೆಯ ಮೇಜು ಕೆಳಗಿನ ಮಹಡಿಯಲ್ಲಿತ್ತು. ಅಲ್ಲಿ ಕುಳಿತಿದ್ದ ಸುಶ್ಮಿತಾ ಎಂಬ ಹುಡುಗಿ ಕಾರ್ಡಿನ ಸಂಖ್ಯೆ ಒತ್ತಿ, ಪರದೆ ನೋಡಿ, ಮತ್ತೊಮ್ಮೆ ಒತ್ತಿದಳು.

“ಅಜ್ಜಾರ, ಇದು ಎಪಿಎಲ್ ತೋರಸಾಕತ್ತೈತ್ರಿ.”

“ಇಲ್ಲ ತಂಗಿ, ನಮ್ದು ಬಡವರ ಕಾರ್ಡು. ಬಿಪಿಎಲ್ಲು. ಮೊದಲಿಂದ್ಲೂ ಅದ.”

“ಮೊದಲ ಇತ್ರಿ. ಈಗ ಬದಲಾಗೇತಿ. ಬಿಪಿಎಲ್ ಇದ್ರ ಪೂರ್ತಿ ಖರ್ಚು ಸರಕಾರದ್ದು. ಎಪಿಎಲ್ ಆದ್ರ ಸ್ವಲ್ಪ ಪಾಲು ಅಷ್ಟ ಅವ್ರು ಕೊಡ್ತಾರ. ಉಳದದ್ದು ನೀವ ತುಂಬಬೇಕ್ರಿ.”

“ಹ್ಯಾಂಗ ಬದಲಾತು? ನಾವೇನು ಬದಲಾಗಿಲ್ಲಲ್ಲ.”

ಬೆಂಚಿನ ಮೇಲೆ ಕುಳಿತಿದ್ದ ನೀಲಗಂಗವ್ವ ಉಸಿರು ಕೂಡಿಸಿಕೊಂಡು ಹೇಳಿದಳು: “ಗೃಹಲಕ್ಷ್ಮಿಗೆ ಮೊದಲ ಗೊತ್ತಾಗಿತ್ತು ನೋಡ್ರಿ ಅಕ್ಕಾರ. ಎರಡ ತಿಂಗಳಾತು, ಆಕಿ ನಮ್ಮ ಮನಿ ಕಡೆ ಹಾಯ್ದಿಲ್ಲ. ಸಿರಿವಂತರ ಮನಿಗೆ ನಾ ಯಾಕ ಹೋಗ್ಲಿ ಅಂದಿರಬೇಕು.”

ಪಡಿತರದ ಅಂಗಡಿಯಲ್ಲಿಯೂ ಆ ತಿಂಗಳು ಅವರ ಅಕ್ಕಿ ಬಂದಿರಲಿಲ್ಲವೆಂದು ಆಗ ತಿಳಿಯಿತು. ಮುಂದಿನ ತಿಂಗಳು ಬರುತ್ತದೆ ಎಂದು ಅಂಗಡಿಯವನು ಹೇಳಿದ್ದ, ಅಂದಪ್ಪ ನಂಬಿದ್ದ. ಯಾರು ಏನು ಹೇಳಿದರೂ ನಂಬುವುದು ಅವನ ಸ್ವಭಾವ.

ಸುಶ್ಮಿತಾ ಚಿಕಿತ್ಸೆಗೆ ಒಂದು ದಿನವನ್ನು ಕಾಯ್ದಿರಿಸಿ, ಅಷ್ಟರೊಳಗೆ ಕಾರ್ಡು ಸರಿಮಾಡಿಸಿಕೊಂಡು ಬನ್ನಿರೆಂದಳು.

ನಾವು ತಾಲ್ಲೂಕು ಕಚೇರಿಗೆ ಹೋದೆವು. ಆಹಾರ ಶಾಖೆಯ ನಿರೀಕ್ಷಕರು ಸಭ್ಯರು. ಅಂದಪ್ಪನನ್ನು ಕುರ್ಚಿಯ ಮೇಲೆ ಕೂಡಿಸಿ, ಪರದೆಯನ್ನು ನಮ್ಮ ಕಡೆಗೆ ತಿರುಗಿಸಿದರು. ಪಡಿತರ ಚೀಟಿದಾರರಲ್ಲಿ ಆದಾಯ ತೆರಿಗೆಯ ವಿವರ ಸಲ್ಲಿಸಿದವರ ಕಾರ್ಡುಗಳು ತಾವಾಗಿಯೇ ಬದಲಾಗಿವೆ, ಅದರಲ್ಲಿ ಇದೂ ಒಂದು ಎಂದರು.

“ನಾ ಎಲ್ಲಿ ತೆರಿಗಿ ಕಟ್ಟೀನ್ರಿ ಸಾಹೇಬ್ರ?”

“ಕಟ್ಟಿಲ್ಲ ನೀವು. ವಾಪಸ್ ತಗೊಂಡೀರಿ.”

ಅಂದಪ್ಪ ನನ್ನ ಮುಖ ನೋಡಿದ. ನಿರೀಕ್ಷಕರು ಬಿಡಿಸಿ ಹೇಳಿದರು: ಇವರ ಹೆಸರಿನಲ್ಲಿ ಒಂದು ಠೇವಣಿ ಇದೆ, ಅದರ ಬಡ್ಡಿಯಲ್ಲಿ ಬ್ಯಾಂಕಿನವರು ತೆರಿಗೆ ಮುರಿದುಕೊಂಡಿದ್ದಾರೆ, ಆ ಹಣ ಮರಳಿ ಬೇಕೆಂದು ಇವರ ಹೆಸರಿನಿಂದ ವಿವರ ಸಲ್ಲಿಕೆಯಾಗಿದೆ, ಹಣ ಮರಳಿದೆ.

ಆಗ ಎಲ್ಲ ನೆನಪಿಗೆ ಬಂತು. ಹಿಂದಿನ ವರ್ಷ ಮೇಲಿನ ಓಣಿಯ ಬಸವಣ್ಣೆಪ್ಪನವರು ಬ್ಯಾಂಕಿನಿಂದ ಬಂದು ಗುಡಿಯ ಕಟ್ಟೆಯ ಮೇಲೆ ಕೂಗಾಡಿದ್ದರು. ದೇವರ ದುಡ್ಡಿಗೂ ಕತ್ತರಿ ಹಾಕುತ್ತಾರೆಂದರೆ ಈ ಊರಿನಲ್ಲಿ ಗಂಡಸರಿದ್ದಾರೋ ಇಲ್ಲವೋ ಎಂದಿದ್ದರು. ಮುಂಡರಗಿಯಲ್ಲಿ ಕಂಪ್ಯೂಟರ್ ಅಂಗಡಿ ಇಟ್ಟಿರುವ ಹೊನ್ನೇಶನು ಅದನ್ನು ಮರಳಿ ತರಿಸುವ ದಾರಿ ಹೇಳಿದ್ದ. ಅಂದಪ್ಪನನ್ನು ಬೈಕಿನ ಹಿಂದೆ ಕೂಡಿಸಿಕೊಂಡು ಹೋಗಿ, ಫೋನಿಗೆ ಬಂದ ಸಂಖ್ಯೆ ಹೇಳಿಸಿ, ಕೆಲಸ ಮುಗಿಸಿದ್ದರು. ಹಣ ಮರಳಿ ಬಂದ ದಿನ ಗುಡಿಯಲ್ಲಿ ಕಾಯಿ ಒಡೆದದ್ದು ನನಗೂ ನೆನಪಿದೆ. ಆ ಕಾಯಿಯ ಚೂರನ್ನು ನಾನೂ ತಿಂದಿದ್ದೇನೆ.

“ಆ ರೊಕ್ಕಾ ನಂದಲ್ರಿ, ಊರಿಂದು,” ಎಂದ ಅಂದಪ್ಪ.

“ನೀವು ಹೇಳೂದು ಖರೆ ಅಂತ ನಿಮ್ಮ ಮುಖ ನೋಡಿದ್ರ ಗೊತ್ತಾಗ್ತೈತಿ. ಆದ್ರ ಆ ಮಷೀನಿಗೆ ಮುಖ ಕಾಣೂದಿಲ್ಲ. ಠೇವಣಿ ನಿಮ್ಮ ಹೆಸರಿಂದ ಹೋಗಬೇಕು. ಹಣ ನಮ್ದು ಅಂತ ಊರಿನವ್ರು ಬರದು ಸಹಿ ಮಾಡಿ ಕೊಡಬೇಕು. ಆಮ್ಯಾಲ ಅರ್ಜಿ, ಸ್ಥಳ ತನಿಖೆ, ತಹಶೀಲ್ದಾರರ ಆದೇಶ.”

ಹೊರಗೆ ಬಂದು ಬೇವಿನ ಮರದ ಕೆಳಗೆ ಚಹಾ ಕುಡಿಯುವಾಗ ಅಂದಪ್ಪ ಹಗುರಾಗಿದ್ದ. ಸಹಿ ತಾನೇ, ಸಂಜೆಗೇ ಆಗುತ್ತದೆ ಎಂದ. ಅವನ ಪ್ರಕಾರ ಊರು ಅವನನ್ನು ನಂಬಿದ್ದಕ್ಕೆ ಇಷ್ಟು ವರ್ಷಗಳ ಹುಗ್ಗಿಯೇ ಸಾಕ್ಷಿಯಾಗಿತ್ತು.

ಸಂಜೆ ಕಟ್ಟೆಯ ಮೇಲೆ ಹಿರಿಯರು ಕೂಡಿದರು. ಅಂದಪ್ಪ ನಿಂತುಕೊಂಡೇ ಹೇಳಿದ. ಎಲ್ಲರೂ ಮರುಗಿದರು. ನೀಲಗಂಗವ್ವನಿಗೆ ಹೀಗಾಗಬಾರದಿತ್ತು ಎಂದರು. ಸಹಿಯ ಮಾತು ಬಂದಾಗ ಮಾತ್ರ ಫಕ್ಕೀರಗೌಡರು ಮೀಸೆಯ ಮೇಲೆ ಕೈಯಾಡಿಸಿದರು.

“ರೊಕ್ಕಾ ನಮ್ದು ಅಂತ ಸಹಿ ಮಾಡಿದ್ರ, ನಾಳೆ ತೆರಿಗಿಯಾವ್ರು ನನ್ನ ಬಾಗಲಾ ಬಡಿತಾರ. ನನ್ನ ಕಬ್ಬಿನ ಬಿಲ್ಲು ಬ್ಯಾರೆ ಅದ ಬ್ಯಾಂಕಿನ್ಯಾಗ ಐತಿ.”

“ಗೌಡ್ರು ಸಹಿ ಮಾಡದ ನಾ ಮಾಡೂದಿಲ್ಲ,” ಎಂದರು ಬಸವಣ್ಣೆಪ್ಪನವರು. “ಮಾಡಿದ್ರ ಹಣ ಮೇಲಿನ ಓಣಿದು ಅಂತ ದಾಖಲಿ ಆಗತೈತಿ ಅಂತ ಇವ್ರ ಅಂತಾರ.”

“ನೀವು ಒಬ್ರ ಸಹಿ ಮಾಡ್ರೆಪಾ, ನೋಡೋಣ ಯಾರ ಏನಂತಾರ!” ಎಂದರು ಗೌಡರು.

“ಅದ, ಅದ. ಅಂದ್ರಿ ನೋಡ್ರಿ ಈಗ!”

ಠೇವಣಿಯನ್ನು ಯಾರ ಹೆಸರಿಗೆ ಮಾಡಬೇಕೆಂಬುದು ಅದಕ್ಕಿಂತ ಕಷ್ಟದ ಪ್ರಶ್ನೆಯಾಯಿತು. ಹೊಲವಿದ್ದವರ ಹೆಸರಿಗೆ ಎದುರು ಓಣಿ ಒಪ್ಪದು. ಹೊಲವಿಲ್ಲದವರು, ಅಂದಪ್ಪನ ಗತಿ ಕಣ್ಣಮುಂದೆ ಇದ್ದುದರಿಂದ, ತಾವೇ ಒಪ್ಪರು. ಬಹಳ ಹೊತ್ತಿನ ನಂತರ ಬಸವಣ್ಣೆಪ್ಪನವರಿಗೆ ಒಂದು ಪರಿಹಾರ ಹೊಳೆಯಿತು.

“ಅಂದಪ್ಪ, ಸುಮ್ನ ಯಾಕ ಕಚೇರಿ ಅಲದಾಡ್ತಿ? ಅದ ರೊಕ್ಕದಾಗ ನೀಲಗಂಗವ್ವನ ಇಲಾಜು ಮಾಡ್ಸು. ಊರು ಒಪ್ಪೈತಿ ಅಂತ ತಿಳಕೋ. ಏನ್ ಗೌಡ್ರ?”

“ಖರೆ ಐತಿ. ಇದಕ್ಕ ನಮ್ಮದು ತಕರಾರಿಲ್ಲ,” ಎಂದರು ಗೌಡರು. ಅಂದು ಎರಡೂ ಓಣಿಗಳು ಒಮ್ಮತಕ್ಕೆ ಬಂದದ್ದು ಅದೊಂದು ಮಾತಿಗೆ ಮಾತ್ರ.

ಅಂದಪ್ಪ ತಲೆ ಅಲ್ಲಾಡಿಸಿದ. “ಬ್ಯಾಡ್ರಿ ಯಪ್ಪಾ. ಈಗ ಕಂಪ್ಯೂಟರ್ ಹೇಳೂದು ಸುಳ್ಳೈತಿ. ನಾ ಅದನ್ನ ಮುಟ್ಟಿದ್ರ ಖರೆ ಆಗತೈತಿ.”

ಒಬ್ಬರು “ಶ್ಯಾಣ್ಯಾ ಅದಾನ ಮಗಾ” ಎಂದು ನಕ್ಕರು. ಸಭೆ ಎದ್ದಿತು. ನಾನು ನನ್ನಲ್ಲಿದ್ದುದನ್ನು ಕೊಡುತ್ತೇನೆಂದೆ; ಶಿವರಂಜನಿ ಕಿವಿಯ ಓಲೆ ಬಿಚ್ಚಲು ಹೊರಟಳು. ಇನ್ನೊಂದು ವಾರ ತಡೆಯಿರಿ, ಕಾರ್ಡು ಬರುತ್ತದೆ ಎಂದ ಅಂದಪ್ಪ. ಆಮೇಲೆ ಆ ಮಾತನ್ನು ಅವನು ಎಷ್ಟು ವಾರ ಹೇಳಿದನೆಂದು ಲೆಕ್ಕವಿಡಲು ನನಗೆ ಮನಸ್ಸಾಗಲಿಲ್ಲ.

ಗೋಡೆಯ ಆಚೆಯಿಂದ ನೀಲಗಂಗವ್ವನ ಮಾತು ಕೇಳಿಸಿತು. ಅವಳು ಏರುದನಿಯಲ್ಲಿ ಮಾತಾಡಲಾರದೆ, ಒಂದೊಂದು ಮಾತಿಗೆ ನಿಂತು ಹೇಳುತ್ತಿದ್ದಳು. “ನಿಮ್ಮ ಖರೇತನಾ ಊರ ಮಂದಿ ನೋಡ್ಯಾರ, ದೇವರು ನೋಡ್ಯಾನ. ನನಗೂ ಗೊತ್ತೈತಿ. ಇನ್ನ ಯಾರಿಗೆ ತೋರಸಾಕ ಹತ್ತೀರಿ? ಎದಿ ನಂದೈತ್ರಿ.”

“ನಾಳೆ ಮತ್ತ ಕೇಳ್ತೀನಿ.”

“ಕೇಳ್ರಿ. ಕೇಳಾಕ ಕಾರ್ಡು ಬೇಕಾಗಿಲ್ಲ.”

ಹುಬ್ಬಳ್ಳಿಯಲ್ಲಿ ಕಾಯ್ದಿರಿಸಿದ ದಿನ ಬಂದು ಹೋಯಿತು. ಸುಶ್ಮಿತಾ ಫೋನು ಮಾಡಿ ಕೇಳಿದಳು, ಬೇರೆ ದಿನ ಬರೆದುಕೊಂಡಳು, ಅದೂ ಹೋಯಿತು. ಅಷ್ಟು ದಿನ ಅಂದಪ್ಪ ಬೆಳಿಗ್ಗೆ ಒಬ್ಬ ಹಿರಿಯರ ಮನೆ, ಸಂಜೆ ಇನ್ನೊಬ್ಬ ಹಿರಿಯರ ಮನೆ ತಿರುಗಿದ. ಗೌಡರು ಹೊಲಕ್ಕೆ ಹೋಗಿರುತ್ತಿದ್ದರು, ಲಕ್ಷ್ಮೇಶ್ವರಕ್ಕೆ ಹೋಗಿರುತ್ತಿದ್ದರು, ಊಟಕ್ಕೆ ಕುಳಿತಿರುತ್ತಿದ್ದರು. ಎಲ್ಲಿ ಹೋದರೂ ಚಹಾ ಕೊಟ್ಟರು. ಯಾರೂ ಇಲ್ಲವೆನ್ನಲಿಲ್ಲ. ಇಲ್ಲವೆಂದಿದ್ದರೆ ಅವನು ಬೇರೆ ದಾರಿ ಹಿಡಿಯುತ್ತಿದ್ದನೇನೋ.

ಆಷಾಢ ಮುಗಿಯುವ ಹೊತ್ತಿಗೆ, ಪುರಾಣದ ಅಡುಗೆಯ ಮಾತು ಎತ್ತಲು ಅವನ ಮನೆಗೆ ಬಂದ ಗೌಡರು, ಬಸವಣ್ಣೆಪ್ಪನವರು ಇಬ್ಬರೂ, ನೀಲಗಂಗವ್ವ ಗೋಡೆಗೆ ಒರಗಿ ಉಸಿರೆಳೆಯುವುದನ್ನು ಕಂಡು ಕೊನೆಗೂ ಸಹಿ ಹಾಕಿದರು. ಪತ್ರವನ್ನು ನಾನೇ ಬರೆದೆ. ಯಾವ ಓಣಿಯ ಹೆಸರೂ ಮೊದಲು ಬರಬಾರದೆಂದು ‘ಸಮಸ್ತ ಗ್ರಾಮಸ್ಥರು’ ಎಂದು ಬರೆಯಬೇಕಾಯಿತು. ಠೇವಣಿಯನ್ನು ಮಾತ್ರ ಶ್ರಾವಣದ ನಂತರ ನೋಡೋಣ ಎಂದರು. ಪತ್ರವಾದರೂ ಸಿಕ್ಕಿತೆಂದು ಅಂದಪ್ಪ ಅದನ್ನು ಟವೆಲಿನಲ್ಲಿ ಸುತ್ತಿ ನನ್ನೊಡನೆ ಬಸ್ಸು ಹತ್ತಿದ.

ನಿರೀಕ್ಷಕರು ಪತ್ರ ಓದಿದರು. ಚೆನ್ನಾಗಿದೆ ಎಂದರು. ಆಮೇಲೆ ಪರದೆ ನೋಡಿ ಕನ್ನಡಕ ತೆಗೆದರು.

“ಅಜ್ಜಾ, ಹೋದ ವಾರ ಮತ್ತ ಸಲ್ಲಿಸಿಬಿಟ್ಟೀರಲ್ಲ?”

“ಏನ್ರಿ?”

“ಈ ವರ್ಷದ ತೆರಿಗಿ ವಿವರ. ನಿಮ್ಮ ಹೆಸರಿಂದ. ಠೇವಣಿ ನಿಮ್ಮ ಹೆಸರಿಲೆ ಇರೂತನಕಾ ಈ ಪತ್ರ ಒಂದ ಸಾಲೂದಿಲ್ಲ.”

ಅಂದಪ್ಪ ಕಿಸೆಯಿಂದ ಫೋನು ತೆಗೆದು ನೋಡಿದ. ಹೋದ ವಾರ ಬಸವಣ್ಣೆಪ್ಪನವರು ಫೋನಿಗೆ ಬಂದ ಸಂಖ್ಯೆ ಹೇಳು ಎಂದಿದ್ದರೆಂದೂ, ಅದು ಕಾರ್ಡಿನ ಕೆಲಸಕ್ಕಿರಬೇಕೆಂದು ತಾನು ಹೇಳಿದೆನೆಂದೂ ಮೆಲ್ಲಗೆ ನುಡಿದ. ಕಚೇರಿಯಿಂದ ನಾವು ನೇರವಾಗಿ ಹೊನ್ನೇಶನ ಅಂಗಡಿಗೆ ನಡೆದೆವು.

ಹೊನ್ನೇಶ ಎದ್ದು ನಿಂತು ಸ್ವಾಗತಿಸಿದ. “ಬರ್ರಿ ಅಜ್ಜಾ, ಕುಂಡ್ರಿ. ಈ ಸಲ ಜಲ್ದಿ ಹಾಕೀನಿ. ಗಡುವಿನ ತನಕಾ ಕಾಯಲಿಲ್ಲ. ದೇವರ ದುಡ್ಡು ನೋಡ್ರಿ, ನನ್ನ ಫೀ ಸೈತ ತಗೊಂಡಿಲ್ಲ.”

“ನನ್ನ ಕಾರ್ಡಿನ ಖಬರ ಇತ್ತಿಲ್ಲೋ ನಿನಗ?”

“ಬಸವಣ್ಣೆಪ್ಪಾರು ಕಾರ್ಡಿಂದು ಬ್ಯಾರೆ, ಇದು ಬ್ಯಾರೆ ಅಂದ್ರು. ಪುರಾಣದ ಮುಂದ ರೊಕ್ಕಾ ಬರಲಿ ಅಂದ್ರು.”

ಅಂದಪ್ಪ ಅವನ ಮೇಲೆ ಕೈ ಎತ್ತುತ್ತಾನೆಂದು ನನಗೆ ಅನ್ನಿಸಿತು. ಎತ್ತಲಿಲ್ಲ. ಮೇಜಿನ ಮೇಲಿದ್ದ ಸ್ಟೀಲಿನ ಲೋಟವನ್ನು ಹಿಡಿದು, ಅದರೊಳಗಿನ ನೀರನ್ನು ಕುಡಿಯದೆ ಹಾಗೆಯೇ ಇಟ್ಟ. “ನೀ ಒಳ್ಳೆ ಹುಡುಗ ಅದಿ,” ಎಂದ. “ಊರ ತುಂಬ ಒಳ್ಳೇವ್ರ ಅದೀರಿ. ಅದಕ್ಕ ನನಗ ಯಾರ ಮ್ಯಾಲೂ ಸಿಟ್ಟ ಮಾಡಾಕ ಬರವಲ್ದು.”

ಶ್ರಾವಣದ ಮೊದಲ ದಿನ. ಗುಡಿಯ ಮುಂದೆ ಒಲೆಗಳನ್ನು ತೋಡಿದ್ದರು. ಗೋಧಿ ನೆನೆದಿತ್ತು. ಎರಡೂ ಓಣಿಯ ಜನ ಕೂಡಿದ್ದಾಗ ಅಂದಪ್ಪ ಬಂದ. ಬಗಲಿನಲ್ಲಿ ಆಳುದ್ದದ ಹುಟ್ಟು, ಕೈಯಲ್ಲಿ ಕಾಳಿನ ಕೋಣೆಯ ಕೀಲಿ. ಎರಡನ್ನೂ ಕಟ್ಟೆಯ ಮೇಲೆ, ಹಿರಿಯರ ಮುಂದೆ ಇಟ್ಟ.

“ಇವು ನಿಮ್ಮವು, ತಗೋರಿ. ನನ್ನ ಹೆಸರು ನನಗ ಕೊಡ್ರಿ.”

“ಏನ ಮಾತಾಡ್ತಿ ಅಂದಪ್ಪ? ಸಿಟ್ಟು ಬ್ಯಾಡ. ಮೊದಲ ಒಲಿ ಹಚ್ಚು,” ಎಂದರು ಬಸವಣ್ಣೆಪ್ಪನವರು.

“ಸಿಟ್ಟಿಲ್ರಿ. ನಾಳೆ ಬ್ಯಾಂಕಿಗೆ ಹೋಗಿ ಠೇವಣಿ ಮುರಿಸಾಂವ ಅದೀನಿ. ಯಾರ ಹೆಸರಿಗೆ ಚೆಕ್ಕು ಅಂತ ಇವತ್ತ ಹೇಳ್ರಿ. ಹೇಳಲಿಲ್ಲಂದ್ರ ನಗದು ತಂದು ಇದ ಕಟ್ಟಿ ಮ್ಯಾಲ ಇಟ್ಟು ಹೊಕ್ಕೀನಿ.”

ಕಟ್ಟೆಯ ಮೇಲೆ ಹಳೆಯ ವಾದವೇ ಮತ್ತೆ ಆರಂಭವಾಯಿತು. ಅಷ್ಟರಲ್ಲಿ ನೀಲಗಂಗವ್ವ ಮಗಳ ಭುಜ ಹಿಡಿದು, ಮನೆಮನೆಯ ಜಗಲಿಗೊಮ್ಮೆ ಕುಳಿತು ಎದ್ದು, ಗುಡಿಯ ತನಕ ಬಂದಿದ್ದಳು. ಬಾವಿಯ ಕಲ್ಲಿನ ಮೇಲೆ ಕುಳಿತಳು. ಅವಳ ಉಸಿರಿನ ಸದ್ದಿಗೆ ಹೆಂಗಸರ ಗುಂಪು ತಾನಾಗಿಯೇ ಸುಮ್ಮನಾಯಿತು. ಅವಳು ಗಂಡಸರಿಗೆ ಏನೂ ಹೇಳಲಿಲ್ಲ. ಸ್ತ್ರೀಶಕ್ತಿ ಸಂಘದ ಹನಮಂತವ್ವನ ಕಡೆ ತಿರುಗಿದಳು.

“ಹನಮಂತಿ, ನಿಮ್ಮ ಸಂಘದಾಗ ಎರಡೂ ಓಣಿ ಹೆಂಗಸ್ರು ಅದೀರಿ ಹೌದಿಲ್ಲ?”

“ಹೌದು ಯಕ್ಕಾ.”

“ಸಂಘದ್ದು ಖಾತೆ ಐತಿಲ್ಲ?”

ಹನಮಂತವ್ವ ಸೆರಗು ಸಿಕ್ಕಿಸಿಕೊಂಡು ಎದ್ದಳು. “ಐತಿ. ಸಂಘದ ಹೆಸರಿಲೆ ಐತಿ. ಯಾರೊಬ್ಬರ ಹೆಸರಿಲೂ ಇಲ್ಲ.”

“ಹೆಣ್ಮಕ್ಕಳ ಕೈಯಾಗ ದೇವರ ರೊಕ್ಕೇನು?” ಎಂದು ಹಿಂದಿನಿಂದ ಯಾರೋ ಅಂದರು.

“ಕಾಳ ಹಸನ ಮಾಡೂದು ನಾವು, ಪಾತ್ರಿ ತಿಕ್ಕೂದು ನಾವು. ರೊಕ್ಕಕ್ಕೇನು ಮೈಲಿಗಿ ಆಗತೈತ್ಯಾ?” ಎಂದಳು ಹನಮಂತವ್ವ. “ನೀವು ವಾದಾ ಮಾಡ್ಕೋತ ಕುಂಡ್ರಿ. ಇಲ್ಲಿ ಒಲಿ ಹಚ್ಚಬೇಕಾಗೈತಿ.”

ಹಾಗೆ ಅದು ತೀರ್ಮಾನವಾಯಿತು. ಎರಡು ತಿಂಗಳಿಂದ ಯಾರಿಗೂ ಹೊಳೆಯದಿದ್ದ ಮಾತು, ನನಗೂ ಹೊಳೆದಿರಲಿಲ್ಲ.

ಆ ಸಂಜೆ ಹುಟ್ಟನ್ನು ಹೆಂಗಸರು ಹಿಡಿದರು. ಅಂದಪ್ಪ ಹೆಂಡತಿಯನ್ನು ಕರೆದುಕೊಂಡು ಮನೆಗೆ ಬಂದು, ಮನೆಯ ಮುಂದಿನ ಕಟ್ಟೆಯ ಮೇಲೆ ಕುಳಿತ. ಧ್ವನಿವರ್ಧಕದಲ್ಲಿ ಪುರಾಣ ಕೇಳಿಸುತ್ತಿತ್ತು. ಗಾಳಿ ಈ ಕಡೆಗೆ ತಿರುಗಿದಾಗ ಅವನು ತಟ್ಟನೆ ತಲೆ ಎತ್ತಿದ.

“ತಳಾ ಹಿಡೀತು,” ಎಂದ. ಎದ್ದು ನಿಂತ.

“ಹೋಗ್ರಿ,” ಎಂದಳು ನೀಲಗಂಗವ್ವ ಒಳಗಿನಿಂದ. “ಊರ ಹುಗ್ಗಿ ಹೊತ್ತಿದ್ರ ನಿಮಗ ನಿದ್ದಿ ಹತ್ತೂದಿಲ್ಲ.”

ಅವನು ಚಪ್ಪಲಿ ಮೆಟ್ಟಿದ. ಮತ್ತೆ ಬಿಟ್ಟ. ಕುಳಿತುಕೊಂಡ. ಆ ಶ್ರಾವಣವಿಡೀ ಅವನು ಗುಡಿಯ ಒಲೆಯ ಹತ್ತಿರ ಹೋಗಲಿಲ್ಲ.

ಠೇವಣಿ ಸಂಘದ ಖಾತೆಗೆ ಹೋಯಿತು, ಅರ್ಜಿ ಕಚೇರಿಗೆ ಹೋಯಿತು. ಆಮೇಲಿನ ದಿನಗಳ ಬಗ್ಗೆ ಬರೆಯಲು ಹೆಚ್ಚೇನಿಲ್ಲ. ತನಿಖೆಗೆ ಬರಬೇಕಾದವರು ಬೇರೆ ಸಮೀಕ್ಷೆಯ ಕೆಲಸದಲ್ಲಿದ್ದರು. ಬಂದಾಗ ಎರಡು ಕೋಣೆಯ ಮನೆ ನೋಡಿ, ಸುಣ್ಣದ ಗೋಡೆ ನೋಡಿ, ಇದಕ್ಕೆ ತನಿಖೆ ಯಾಕೆ ಬೇಕಿತ್ತು ಎಂದು ಅವರೇ ಕೇಳಿದರು. ಕಡತ ತಾಲ್ಲೂಕಿನಿಂದ ಜಿಲ್ಲೆಗೆ ಹೋಗಿ, ಒಂದು ಪುಟ ಕಡಿಮೆಯಿದೆಯೆಂದು ಮರಳಿತು. ನಾನು ಫೋನಿನಲ್ಲಿ ನೋಡಿದಾಗಲೆಲ್ಲ ‘ಪರಿಶೀಲನೆಯಲ್ಲಿದೆ’ ಎಂದೇ ಇರುತ್ತಿತ್ತು. ನನ್ನ ದಿನಚರಿಯಲ್ಲಿ ಆ ತಿಂಗಳುಗಳ ಪುಟಗಳಲ್ಲಿ ಆ ಒಂದೇ ಪದವಿದೆ. ಬರೆಬರೆದು ನನ್ನ ಅಕ್ಷರ ಕೆಟ್ಟಿದೆ.

ದೀಪಾವಳಿಯ ನಂತರ ಕಾರ್ಡು ಮೊದಲಿನಂತಾಯಿತು. ಮರುದಿನವೇ ಹುಬ್ಬಳ್ಳಿಗೆ ಹೋದೆವು. ಸುಶ್ಮಿತಾ ಪರದೆ ನೋಡಿ, ಮುಖ ಅರಳಿಸಿ, “ಅಜ್ಜಾರ, ಈಗ ಎಲ್ಲಾ ಪುಕ್ಕಟ ಐತ್ರಿ, ಒಂದ ರೂಪಾಯಿ ಕೊಡೂದು ಬ್ಯಾಡ,” ಎಂದಳು. ಅಂದಪ್ಪ ಅವಳಿಗಾಗಿ ತಂದಿದ್ದ ಗೋಧಿ ಹುಗ್ಗಿಯ ಡಬ್ಬಿಯನ್ನು ಮೇಜಿನ ಮೇಲಿಟ್ಟ.

ಮೇಲೆ ವೈದ್ಯರು ಮತ್ತೆ ಪರೀಕ್ಷೆ ಮಾಡಿದರು. ಈ ಸಲ ಬಹಳ ಹೊತ್ತು ಹಿಡಿಯಿತು. ಹೃದಯದ ಬಡಿತ ತಪ್ಪಿ, ಒಳಗೆ ರಕ್ತ ಹೆಪ್ಪುಗಟ್ಟಿದೆ, ಕವಾಟವೂ ಬಿರುಸಾಗಿದೆ ಎಂದರು. ಈಗ ಬಲೂನು ಕಳಿಸಿದರೆ ಆ ಗಂಟು ಮೆದುಳಿಗೆ ಹೋಗುವ ಅಪಾಯವಿದೆ. ಎದೆ ತೆರೆದು ಕವಾಟವನ್ನೇ ಬದಲಿಸಬೇಕು.

“ಬ್ಯಾಸಗಿಯೊಳಗ ಬಂದಾಗ ಆ ಗಂಟು ಇತ್ತೇನ್ರಿ?” ಎಂದು ಅಂದಪ್ಪ ಕೇಳಿದ.

ವೈದ್ಯರು ಹಳೆಯ ವರದಿಯನ್ನು ಒಮ್ಮೆ ನೋಡಿದರು. “ಇರಲಿಲ್ಲ,” ಎಂದರು.

ಬೇಸಿಗೆಯಲ್ಲಿ ಸರ್ಕಾರ ಕೊಡಲಾಗದು ಎಂದ ಹಣಕ್ಕಿಂತ ಎಷ್ಟೋ ಹೆಚ್ಚನ್ನು ಈಗ ಅದೇ ಸರ್ಕಾರ, ತಕರಾರಿಲ್ಲದೆ, ಪೂರ್ತಿಯಾಗಿ ಕೊಟ್ಟಿತು. ನೀಲಗಂಗವ್ವನ ಎದೆಯನ್ನು ತೆರೆದರು. ಲೋಹದ ಕವಾಟ ಕೂಡಿಸಿದರು. ಅವಳು ಬದುಕಿದಳು.

ಈಗ ಅವಳು ಮಲಗಿ ನಿದ್ದೆ ಮಾಡುತ್ತಾಳೆ. ಸುತ್ತಲೂ ಸದ್ದಿಲ್ಲದಾಗ ಎದೆಯೊಳಗಿನ ಕವಾಟದ ಟಿಕ್ ಟಿಕ್ ಕೇಳಿಸುತ್ತದೆ; ಶಿವರಂಜನಿ ಬಂದಾಗ ಅವಳ ಕಿವಿಯನ್ನು ತನ್ನ ಎದೆಗೆ ಹಚ್ಚಿಕೊಂಡು, ಕೇಳಸ್ತೈತೇನ ಎನ್ನುತ್ತಾಳೆ. ರಕ್ತ ಹೆಪ್ಪುಗಟ್ಟದ ಹಾಗೆ ದಿನಕ್ಕೊಂದು ಗುಳಿಗೆ, ಬದುಕಿರುವವರೆಗೆ. ಅದರ ಹದ ನೋಡಲು ತಿಂಗಳಿಗೊಮ್ಮೆ ಗದಗಿಗೆ ಹೋಗಿ ರಕ್ತ ಕೊಡಬೇಕು. ಆ ಗುಳಿಗೆ, ಆ ಪರೀಕ್ಷೆ, ಆ ಬಸ್ಸು ಯಾವುದೂ ಕಾರ್ಡಿನ ಒಳಗೆ ಬರುವುದಿಲ್ಲ. ಬಲೂನಿನಲ್ಲಿ ಮುಗಿದಿದ್ದರೆ ಈ ಹದ ನೋಡುವ ಗೋಜೇ ಇರುತ್ತಿರಲಿಲ್ಲವೆಂದು ಹುಬ್ಬಳ್ಳಿಯ ವೈದ್ಯರು ನಮಗೆ ಹೇಳಲಿಲ್ಲ; ನಾನು ಕೇಳಿ ತಿಳಿದುಕೊಂಡೆ. ಅಂದಪ್ಪನಿಗೆ ಹೇಳಿಲ್ಲ.

ಸೊಪ್ಪಿನ ಪಲ್ಯವನ್ನು ಒಂದು ದಿನ ಹೆಚ್ಚು, ಒಂದು ದಿನ ಕಡಿಮೆ ತಿನ್ನಬಾರದು, ಗುಳಿಗೆಯ ಹದ ಕೆಡುತ್ತದೆ ಎಂದೂ ಹೇಳಿ ಕಳಿಸಿದ್ದಾರೆ. ನಮ್ಮ ಕಡೆ ರೊಟ್ಟಿಯ ಜೊತೆ ಹಸಿ ಮೆಂತ್ಯ, ಹಕ್ಕರಕಿ, ಪುಂಡಿಪಲ್ಯ ಇಲ್ಲದೆ ಊಟವೇ ಇಲ್ಲ. ನೀಲಗಂಗವ್ವ ಇನ್ನೂ ಒಲೆಯ ಮುಂದೆ ಕೂರುವ ಹಾಗಿಲ್ಲ. ಆದ್ದರಿಂದ ಅಂದಪ್ಪ ಮನೆಯ ಸಣ್ಣ ಪಾತೇಲಿಯಲ್ಲಿ, ಇಬ್ಬರಿಗಾಗಿ, ಅಡುಗೆ ಮಾಡುತ್ತಾನೆ. ಗುಡಿಯವರು ಹುಟ್ಟನ್ನು ಮರಳಿ ತಂದು ಬಾಗಿಲ ಹಿಂದೆ ನಿಲ್ಲಿಸಿ ಹೋಗಿದ್ದಾರೆ. ಅದು ಅಲ್ಲಿಯೇ ನಿಂತಿದೆ.

ನಿನ್ನೆ ನಾನು ಹೋದಾಗ ಅವನು ತಟ್ಟೆಯ ಮುಂದೆ ಕುಳಿತು, ಮೆಂತ್ಯದ ಸೊಪ್ಪನ್ನು ಅಂಗೈಯಲ್ಲಿ ಹಿಡಿದು ನೋಡುತ್ತಿದ್ದ. ಎರಡು ಎಸಳು ತೆಗೆದ. ಮತ್ತೆ ಒಂದನ್ನು ಹಾಕಿದ.

“ನೋಡ್ರಿ ಅಕ್ಕಾರ,” ಎಂದಳು ನೀಲಗಂಗವ್ವ, “ಸಾವಿರ ಮಂದಿಗೆ ಅಳತಿ ಇಲ್ಲದ ನೀಡಿದಾಂವ. ಹೇಂತಿಗೆ ಪಲ್ಯಾ ತೂಗಿ ಹಾಕ್ತಾನ.”

ಅಂದಪ್ಪ ತಟ್ಟೆಯನ್ನು ಅವಳ ಮುಂದೆ ಸರಿಸಿ, ಅವಳು ಮೊದಲ ತುತ್ತು ನುಂಗುವವರೆಗೆ ನೋಡುತ್ತ ಕುಳಿತ.

“ಉಪ್ಪು?” ಎಂದು ಕೇಳಿದ.

ಅವಳು ಎರಡನೆಯ ತುತ್ತು ಅಗಿಯುತ್ತ ಸ್ವಲ್ಪ ಹೊತ್ತು ಅವನನ್ನು ಕಾಯಿಸಿದಳು. “ಇವತ್ತ ಸರಿ ಆತು,” ಎಂದಳು.